ಒಂದು ಗೇಣು ಅಂತರದ ಹೊಡೆತ

ಈ ಸಲ ಬಂದ ಪತ್ರಗಳಲ್ಲಿ ಹೆಚ್ಚಿನವು ಸಿನಿಮಾದ ಬಗ್ಗೆಯೇ ಇವೆ. ಹುಡುಗರಷ್ಟೇ ಅಲ್ಲ, ತಾಯಂದಿರೂ ಕಲಿಸುವ ಮಾಸ್ತರರೂ ಬರೆದಿದ್ದಾರೆ. ನಾನು ಇಪ್ಪತ್ತೆಂಟು ವರ್ಷಗಳಿಂದ ಅಮರಗೋಳದಲ್ಲಿ ಕರಾಟೆ ಕಲಿಸುತ್ತಿದ್ದೇನೆ. ಅದಕ್ಕೂ ಮೊದಲು ಮೂರು ವರ್ಷ ಬೆಂಗಳೂರಿನಲ್ಲಿ ಸಿನಿಮಾ ಫೈಟರ್ ಆಗಿ ದುಡಿದಿದ್ದೇನೆ. ಎರಡೂ ಕೆಲಸ ನನಗೆ ಅನ್ನ ಕೊಟ್ಟಿವೆ. ಆ ಋಣದಿಂದಲೇ ಉತ್ತರಿಸುತ್ತಿದ್ದೇನೆ.

ಪ್ರಶ್ನೆ: ಸರ, ನನಗ ಇಪ್ಪತ್ತೆರಡು ವರ್ಷ. ಬ್ರೌನ್ ಬೆಲ್ಟ್ ಆಗೇದ. ಅಪ್ಪ ಎಪಿಎಂಸಿಯೊಳಗ ಹಮಾಲಿ ಮಾಡ್ತಾರ. ಬಿ.ಕಾಂ. ಕಡೀ ವರ್ಷ ಬಿಟ್ಟು ಬೆಂಗಳೂರಿಗೆ ಹೋಗಿ ಫೈಟರ್ ಆಗಬೇಕಂತ ಮಾಡೇನಿ. ಶಂಕರ್‌ನಾಗ್ ಅವರಿಗೆ ಕರಾಟೆ ಕಿಂಗ್ ಅಂತಿದ್ರಲ್ಲ, ಹಂಗ ಆಗೋ ಆಸೆ. ಹೈ ಕಿಕ್ ಭಾಳ ಚೊಲೊ ಬರ್ತಾವ. ಮನ್ಯಾಗ ಬ್ಯಾಡ ಅಂತಾರ.
— ನವನಗರದ ಓದುಗ

ಉತ್ತರ: ತಮ್ಮಾ, ಮೊದಲು ಶಂಕರ್‌ನಾಗ್ ಅವರ ಮಾತು. ಕರಾಟೆ ಕಿಂಗ್ ಎಂಬುದು ಅಭಿಮಾನಿಗಳು ಪ್ರೀತಿಯಿಂದ ಕೊಟ್ಟ ಬಿರುದು. ಅವರು ಬಂದದ್ದು ಮುಂಬೈಯ ಮರಾಠಿ ರಂಗಭೂಮಿಯಿಂದ. 1978ರಲ್ಲಿ ಗಿರೀಶ ಕಾರ್ನಾಡರು ಮಾಡಿದ ‘ಒಂದಾನೊಂದು ಕಾಲದಲ್ಲಿ’ ಚಿತ್ರದಲ್ಲಿ ಕೂಲಿಗಾಗಿ ಕತ್ತಿ ಹಿಡಿಯುವ ಯೋಧನ ಪಾತ್ರ ಮಾಡಿದರು. ಅದಕ್ಕೆ ಭಾರತದ ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಸಿಕ್ಕಿತು. ಆ ಚಿತ್ರವನ್ನು ಈಗ ಮತ್ತೊಮ್ಮೆ ನೋಡು. ಕತ್ತಿ ಎತ್ತುವುದಕ್ಕೆ ಮೊದಲೇ ಅವರ ಹೆಗಲು, ಕತ್ತು, ಕಣ್ಣು ಜಗಳಕ್ಕೆ ಇಳಿದಿರುತ್ತವೆ. ತೆರೆಯ ಮೇಲಿನ ಹೊಡೆದಾಟ ಮೊದಲು ಅಭಿನಯ, ಆಮೇಲೆ ವರಸೆ. ಹೈ ಕಿಕ್ ಒಂದನ್ನೇ ನಂಬಿ ಹೋದವರನ್ನು ನಾನು ಬಹಳ ನೋಡಿದ್ದೇನೆ. ಅವರಲ್ಲಿ ನಾನೂ ಒಬ್ಬ.

ಸೆಟ್ಟಿನಲ್ಲಿ ಒಂದು ಗುದ್ದು ಹೇಗೆ ನಡೆಯುತ್ತದೆ ಎಂಬುದನ್ನು ಹತ್ತಿರದಿಂದ ಹೇಳುತ್ತೇನೆ, ಕೇಳು. ಕ್ಯಾಮೆರಾ ಏಟು ತಿನ್ನುವವನ ಹೆಗಲ ಹಿಂದೆ ಇರುತ್ತದೆ. ನಿನ್ನ ಮುಷ್ಟಿ ಅವನ ದವಡೆಯ ಮುಂದೆ ಒಂದು ಗೇಣು ದೂರದಲ್ಲಿ ಅಡ್ಡಡ್ಡ ಹಾದುಹೋಗಬೇಕು. ಮುಷ್ಟಿ ಮೂಗಿನ ಗೆರೆ ದಾಟುವ ಕ್ಷಣಕ್ಕೆ ಸರಿಯಾಗಿ ಅವನು ಕತ್ತು ಹೊರಳಿಸಿ, ಹೆಗಲು ಮುರಿದು, ಕಾಲು ತಪ್ಪಿ ಬೀಳಬೇಕು. ಇದಕ್ಕೆ ರಿಯಾಕ್ಷನ್ ಎನ್ನುತ್ತಾರೆ. ಆ ಕಡೆಯಿಂದ ನೋಡಿದರೆ ನಡುವಿನ ಗೇಣು ಮಾಯವಾಗಿ ಏಟು ಬಿದ್ದಂತೆಯೇ ಕಾಣುತ್ತದೆ. ಸದ್ದನ್ನು ಆಮೇಲೆ ಸೇರಿಸುತ್ತಾರೆ. ಕ್ಯಾಮೆರಾವನ್ನು ಪಕ್ಕಕ್ಕೆ ತಂದಿಟ್ಟರೆ ಅದೇ ಗುದ್ದು ಗಾಳಿಗೆ ಹೋಗುವುದು ಎಲ್ಲರಿಗೂ ಕಾಣುತ್ತದೆ. ಇನ್ನೊಂದು ಲೆಕ್ಕ. ಸಿನಿಮಾ ಸೆಕೆಂಡಿಗೆ 24 ಚಿತ್ರಗಳು. ಕರಾಟೆಯ ಒಳ್ಳೆಯ ಗುದ್ದು ಸೆಕೆಂಡಿನ ಆರನೆಯ ಒಂದು ಭಾಗದಲ್ಲಿ ಮುಗಿದರೆ ಪ್ರೇಕ್ಷಕನಿಗೆ ಸಿಗುವುದು ನಾಲ್ಕೇ ಚಿತ್ರ. ಅಷ್ಟರಲ್ಲಿ ಅವನ ಕಣ್ಣಿಗೆ ಏನೂ ಹಿಡಿಯುವುದಿಲ್ಲ. ಅದಕ್ಕೇ ಫೈಟರ್ ಕೈಯನ್ನು ಹಿಂದೆಳೆದು, ದೊಡ್ಡದಾಗಿ ಬೀಸಿ ತೋರಿಸಬೇಕು. ನಿಮ್ಮ ಸರ್ ಇಷ್ಟು ವರ್ಷ ಬೇಡವೆಂದು ತಿದ್ದಿದ್ದೇ ಇದನ್ನು! ವರ್ಗದಲ್ಲಿ ತಾಗಿಸುವುದನ್ನು ಕಲಿತಿದ್ದೀ. ಸೆಟ್ಟಿನಲ್ಲಿ ತಾಗದಂತೆ ಹೊಡೆಯುವುದನ್ನು ಹೊಸದಾಗಿ ಕಲಿಯಬೇಕು.

ನಾನು ಇದನ್ನು ಕಲಿತದ್ದು ಇನ್ನೊಬ್ಬರ ರಕ್ತದಿಂದ. ಹೋದ ಮೊದಲ ವಾರದಲ್ಲೇ, ಮಾಸ್ಟರ್ ಹೇಳಿದ ದೂರಕ್ಕಿಂತ ಅರ್ಧ ಹೆಜ್ಜೆ ಮುಂದೆ ಹೋಗಿ ಕಾಲು ಬೀಸಿದೆ. ಎದುರಿಗಿದ್ದವರು ನನಗಿಂತ ಹದಿನೈದು ವರ್ಷ ಹಿರಿಯರು. ತುಟಿ ಒಡೆದು ಬನಿಯನ್ ಮೇಲೆ ರಕ್ತ ಇಳಿಯಿತು. ಅವರು ಬಯ್ಯಲಿಲ್ಲ. ಬಾಯಿ ಮುಕ್ಕಳಿಸಿ ಬಂದು, “ಇನ್ನೊಂದ್ಸಲ ಮಾಡೋಣ” ಎಂದರು. ಮಾಸ್ಟರ್ ನನ್ನನ್ನು ಬದಿಗೆ ಕಳಿಸಿದರು. ಮುಂದಿನ ಎರಡು ದಿನ ಹಾಸಿಗೆಯ ಮೇಲೆ ಬೀಳುವುದು ಬಿಟ್ಟರೆ ಬೇರೆ ಕೆಲಸ ಕೊಡಲಿಲ್ಲ. ಅಂಗಾತ ಬಿದ್ದೆ, ಬೋರಲು ಬಿದ್ದೆ, ಪಕ್ಕಕ್ಕೆ ಬಿದ್ದೆ. ಇವತ್ತಿಗೂ ನನ್ನ ವರ್ಗದಲ್ಲಿ ಮಕ್ಕಳಿಗೆ ಒದೆಯುವುದಕ್ಕೆ ಮೊದಲು ಬೀಳುವುದನ್ನೇ ಕಲಿಸುತ್ತೇನೆ.

ಈ ದಾರಿಯಲ್ಲಿ ಮೇಲೆ ಬಂದವರು ಇದ್ದಾರೆ. ಟೈಗರ್ ಪ್ರಭಾಕರ್ ಫೈಟರ್ ಆಗಿ ಬಂದು, ಖಳನಾಗಿ, ಆಮೇಲೆ ನಾಯಕರಾದರು. ಸಾಹಸ ನಿರ್ದೇಶಕ ಥ್ರಿಲ್ಲರ್ ಮಂಜು 1996ರಲ್ಲಿ ‘ಪೊಲೀಸ್ ಸ್ಟೋರಿ’ ಚಿತ್ರವನ್ನೇ ನಿರ್ದೇಶಿಸಿದರು. ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಸಾಹಸ ನಿರ್ದೇಶನದ ಪ್ರಶಸ್ತಿ 2018ರ ಸಾಲಿಗೆ ‘ಕೆಜಿಎಫ್’ಗೆ, 2019ಕ್ಕೆ ‘ಅವನೇ ಶ್ರೀಮನ್ನಾರಾಯಣ’ಕ್ಕೆ, 2022ಕ್ಕೆ ‘ಕೆಜಿಎಫ್ ಚಾಪ್ಟರ್ 2’ಕ್ಕೆ ಬಂದಿದೆ. ಕನ್ನಡದ ಹೊಡೆದಾಟಕ್ಕೆ ಈಗ ಮರ್ಯಾದೆ ಇದೆ. ಆದರೆ ಒಬ್ಬ ನಾಯಕನ ಹಿಂದೆ ಏಟು ತಿಂದು ಹಾರಿ ಬೀಳುವ ಮೂವತ್ತು ಜನರಿಗೆ ಕೆಲಸವಿದ್ದ ದಿನವಷ್ಟೇ ಕೂಲಿ. ಮಳೆ ಬಂದು ಶೂಟಿಂಗ್ ನಿಂತರೆ ಕಾಯಬೇಕು. ಮೊಣಕಾಲು ಉಳುಕಿದರೆ ಮನೆಯಲ್ಲಿ ಕೂರಬೇಕು. ಹಮಾಲರ ಮನೆಯ ಮಗ ನೀನು, ದಿನಗೂಲಿ ಎಂದರೇನು ಎಂಬುದನ್ನು ನಿನಗೆ ನಾನು ಬಿಡಿಸಿ ಹೇಳಬೇಕಿಲ್ಲ.

ಬ್ರೂಸ್ ಲೀ ವಿಷಯವನ್ನೂ ಹೇಳಿಬಿಡುತ್ತೇನೆ, ಏಕೆಂದರೆ ಎಲ್ಲ ಹುಡುಗರ ಗೋಡೆಯ ಮೇಲೂ ಅವನ ಚಿತ್ರವಿರುತ್ತದೆ. ಅಮೆರಿಕಕ್ಕೆ ಹೋದ ಮೇಲೆ ಅವನು ಮೊದಲು ಕಟ್ಟಿದ್ದು ಶಾಲೆಯನ್ನು. ಸಿಯಾಟಲ್‌ನಲ್ಲಿ ಕಲಿಸಿದ, 1964ರಲ್ಲಿ ಓಕ್‌ಲ್ಯಾಂಡಿನಲ್ಲಿ, 1967ರಲ್ಲಿ ಲಾಸ್ ಏಂಜಲೀಸಿನಲ್ಲಿ ಶಾಲೆ ತೆರೆದ. 1964ರಲ್ಲಿ ಲಾಂಗ್ ಬೀಚ್‌ನ ಕರಾಟೆ ಪಂದ್ಯಾವಳಿಯಲ್ಲಿ ಅವನು ಕೊಟ್ಟ ಪ್ರಾತ್ಯಕ್ಷಿಕೆಯನ್ನು ಕಂಡವರ ಮಾತು ನಿರ್ಮಾಪಕರ ಕಿವಿಗೆ ಬಿದ್ದೇ 1966ರ ‘ದಿ ಗ್ರೀನ್ ಹಾರ್ನೆಟ್’ ಧಾರಾವಾಹಿಯ ಪಾತ್ರ ಬಂದದ್ದು. ಆ ಧಾರಾವಾಹಿ ನಿಂತ ಮೇಲೆ ಅವನ ಮನೆಯನ್ನು ನಡೆಸಿದ್ದು ಪಾಠದ ಸಂಬಳ. ಸ್ಟೀವ್ ಮೆಕ್‌ಕ್ವೀನ್‌ನಂಥ ನಟರು ಅವನ ಶಿಷ್ಯರಾಗಿದ್ದರು. ನಮ್ಮ ಅಕ್ಷಯ್ ಕುಮಾರ್ ಕೂಡ ಬ್ಯಾಂಕಾಕಿನಲ್ಲಿ ಕಲಿತು ಬಂದು ಮುಂಬೈಯಲ್ಲಿ ಮಕ್ಕಳಿಗೆ ಕಲಿಸುತ್ತಿದ್ದವರು. ಮಾಡೆಲಿಂಗ್ ದಾರಿ ತೋರಿಸಿದ್ದು ಅವರ ಒಬ್ಬ ವಿದ್ಯಾರ್ಥಿಯ ತಂದೆಯೇ.

ಆದ್ದರಿಂದ ಬಿ.ಕಾಂ. ಮುಗಿಸು. ಬ್ಲ್ಯಾಕ್ ಬೆಲ್ಟ್ ಪರೀಕ್ಷೆ ಕೊಡು. ಈ ಒಂದು ವರ್ಷದಲ್ಲಿ ಈಜು ಕಲಿ, ಪಲ್ಟಿ ಕಲಿ, ಧಾರವಾಡದಲ್ಲಿ ಯಾವುದಾದರೂ ನಾಟಕ ತಂಡ ಸೇರಿ ನಾಲ್ಕು ಜನರ ಮುಂದೆ ನಿಲ್ಲುವುದನ್ನು ಕಲಿ. ಸಂಜೆ ಹತ್ತು ಮಕ್ಕಳಿಗೆ ಪಾಠ ಹೇಳಲು ಶುರು ಮಾಡು. ಆ ದುಡ್ಡಿನಲ್ಲಿ ಬೆಂಗಳೂರಿಗೆ ಹೋಗು, ಅಪ್ಪನ ದುಡ್ಡಿನಲ್ಲಿ ಬೇಡ. ಅಲ್ಲಿ ಸಾಹಸ ಕಲಾವಿದರ ಸಂಘಕ್ಕೆ ನೇರವಾಗಿ ಹೋಗಿ ಸದಸ್ಯತ್ವದ ನಿಯಮ ಕೇಳು. ಪಾತ್ರ ಕೊಡಿಸುತ್ತೇನೆ ಎಂದು ಮುಂಗಡ ಕೇಳುವವನ ಕೈಗೆ ಒಂದು ರೂಪಾಯಿಯನ್ನೂ ಕೊಡಬೇಡ.

ಪ್ರಶ್ನೆ: ನನ್ನ ಮಗಳಿಗೆ ಹನ್ನೊಂದು ವರ್ಷ. ಕರಾಟೆಗೆ ಹಚ್ಚಿ ಎಂಟು ತಿಂಗಳಾತು. ಅಲ್ಲಿ ಸರ್ ಅವರು “ಫೀ ಜಾಸ್ತಿ ಕೊಟ್ರ ಒಂದೇ ವರ್ಷಕ್ಕ ಬ್ಲ್ಯಾಕ್ ಬೆಲ್ಟ್ ಮಾಡಸ್ತೀನಿ, ರಿಯಾಲಿಟಿ ಶೋಕ್ಕೂ ಕಳಸ್ತೀನಿ” ಅಂದಾರ. ಕೊಡಬೇಕೋ ಬ್ಯಾಡೋ ತಿಳೀವಲ್ದು.
— ಅಮರಗೋಳದ ತಾಯಿ

ಉತ್ತರ: ಕೊಡಬೇಡಿ ಅಕ್ಕಾರ. ವಾರಕ್ಕೆ ಮೂರು ದಿನ ತಪ್ಪದೆ ಬರುವ ಮಗುವಿಗೂ ನನ್ನ ವರ್ಗದಲ್ಲಿ ಕಪ್ಪು ಪಟ್ಟಿಗೆ ಐದು ವರ್ಷ ಹಿಡಿಯುತ್ತದೆ. ಈ ಬೆಲ್ಟುಗಳ ಪದ್ಧತಿ ಜೂಡೋದಿಂದ ಬಂದದ್ದು, ಕಾನೊ ಜಿಗೊರೊ ಶುರು ಮಾಡಿದ್ದು. ಕರಾಟೆಯಲ್ಲಿ ಫುನಾಕೋಶಿ ಗಿಚಿನ್ ತಮ್ಮ ಶಿಷ್ಯರಿಗೆ ಮೊದಲ ಕಪ್ಪು ಪಟ್ಟಿ ಕೊಟ್ಟದ್ದು 1924ರಲ್ಲಿ. ಅವರು ವೃತ್ತಿಯಿಂದ ಶಾಲಾ ಮಾಸ್ತರರು. ಕಪ್ಪು ಪಟ್ಟಿಯ ಮೊದಲ ದರ್ಜೆಗೆ ಮೊದಲ ಡಾನ್ ಎನ್ನುತ್ತಾರೆ, ಹಾಗೆಂದರೆ ಮೊದಲ ಮೆಟ್ಟಿಲು ಎಂದೇ ಅರ್ಥ. ಅಕ್ಷರಾಭ್ಯಾಸ ಮುಗಿದಿದೆ, ಇನ್ನು ಓದಬಹುದು ಎಂದ ಹಾಗೆ. ಅಕ್ಷರ ಕಲಿಯದ ಮಗುವಿನ ಕೈಗೆ ಪ್ರಮಾಣಪತ್ರ ಇಟ್ಟರೆ ಮೋಸ ಹೋಗುವುದು ಆ ಮಗುವೇ. ಎಲ್ಲಾದರೂ ಗಾಬರಿಯ ಹೊತ್ತು ಬಂದಾಗ ತನಗೆ ಬರುತ್ತದೆಂದು ನಂಬಿ ನಿಂತುಬಿಡುತ್ತದೆ. ನನಗೆ ಇದರ ಬಗ್ಗೆ ನಿಜವಾಗಿ ಸಿಟ್ಟಿದೆ.

ಒಂದು ಸಂಜೆ ವರ್ಗದ ಬದಿಯಲ್ಲಿ ಕೂತು ನೋಡಿ. ಪಾಲಕರನ್ನು ಒಳಗೆ ಬಿಡದ ವರ್ಗವಾದರೆ ಅವತ್ತೇ ಬಿಡಿಸಿ. ಮಕ್ಕಳಿಗೆ ಬೀಳಲು ಮ್ಯಾಟ್ ಇದೆಯೇ, ದೊಡ್ಡ ಹುಡುಗರ ಜೊತೆ ಚಿಕ್ಕವರನ್ನು ಆಡಿಸುತ್ತಾರೆಯೇ, ಅಳುವ ಮಗುವನ್ನು ಸರ್ ಹೇಗೆ ಮಾತಾಡಿಸುತ್ತಾರೆ, ಇಷ್ಟು ಗಮನಿಸಿದರೆ ಸಾಕು. ನಿಮ್ಮ ಮಗಳು ಸರಕಾರಿ ಶಾಲೆಯಲ್ಲಿದ್ದರೆ ಇನ್ನೊಂದು ಮಾತು. ಸಮಗ್ರ ಶಿಕ್ಷಾ ಅಭಿಯಾನದಡಿ 6ರಿಂದ 12ನೇ ತರಗತಿಯ ಹೆಣ್ಣುಮಕ್ಕಳಿಗೆ ರಾಣಿ ಲಕ್ಷ್ಮೀಬಾಯಿ ಹೆಸರಿನ ಮೂರು ತಿಂಗಳ ಆತ್ಮರಕ್ಷಣೆ ತರಬೇತಿ ಇದೆ. ತರಬೇತಿಗೆಂದು ಶಾಲೆಗೆ ತಿಂಗಳಿಗೆ 5,000 ರೂಪಾಯಿ ಬರುತ್ತದೆ. ಮುಖ್ಯೋಪಾಧ್ಯಾಯರನ್ನು ಕೇಳಿ. ಕೇಳುವ ತಾಯಂದಿರು ಇದ್ದ ಶಾಲೆಯಲ್ಲಿ ಅದು ಸರಿಯಾಗಿ ನಡೆಯುತ್ತದೆ.

ಪ್ರಶ್ನೆ: ನಮ್ಮಜ್ಜ ಪೈಲ್ವಾನ. ತಾಲೀಮದಾಗ ಬೆಳದಾವ. ಸಿನಿಮಾದಾಗ ನೋಡಿದ್ರ ಬರೇ ಕರಾಟೆ, ಕುಂಗ್‌ಫೂ, ಈಗ ಕಳರಿ. ನಮ್ಮ ಕುಸ್ತಿ, ಮಲ್ಲಕಂಬ, ಕತ್ತಿವರಸೆ ಯಾಕ ತೋರ್ಸೂದಿಲ್ಲ? ನಮ್ಮ ಕಡೆ ಯುದ್ಧವಿದ್ಯೆ ಇದ್ದಿದ್ದಿಲ್ಲೇನು?
— ಉಣಕಲ್ಲಿನ ಓದುಗ

ಉತ್ತರ: ಇತ್ತು, ಮತ್ತು ಬರೆದಿಟ್ಟ ರೂಪದಲ್ಲಿ ಇತ್ತು. ಅಮರಗೋಳದ ಶಂಕರಲಿಂಗ ಗುಡಿಯನ್ನು ನೀವು ನೋಡಿರಬಹುದು, ಕಲ್ಯಾಣ ಚಾಲುಕ್ಯರ ಕಾಲದ್ದು. ಆ ಮನೆತನದ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದಲ್ಲಿ ‘ಮಾನಸೋಲ್ಲಾಸ’ವೆಂಬ ದೊಡ್ಡ ಸಂಸ್ಕೃತ ಗ್ರಂಥ ಬರೆಸಿದ. ಅದರಲ್ಲಿ ಮಲ್ಲವಿನೋದವೆಂದೇ ಒಂದು ಅಧ್ಯಾಯವಿದೆ. ಜಟ್ಟಿಗಳನ್ನು ವಯಸ್ಸು, ಮೈಕಟ್ಟು, ಬಲ ನೋಡಿ ವರ್ಗ ಮಾಡಬೇಕು, ಅವರಿಗೆ ಬೇಳೆ, ಮಾಂಸ, ಹಾಲು, ಸಕ್ಕರೆ, ಸಿಹಿ ತಿಂಡಿಯನ್ನು ಅರಸನೇ ಒದಗಿಸಬೇಕು ಎಂದು ಅಲ್ಲಿ ಹೇಳಿದೆ. ಪಟ್ಟುಗಳ ಹೆಸರಿವೆ, ಸಾಮಿನ ಹೆಸರಿವೆ. ಆದರೆ ಆ ಪಟ್ಟನ್ನು ಹೇಗೆ ಹಾಕಬೇಕು ಎಂಬ ವಿವರಣೆ ಇಲ್ಲ! ಮೊದಲ ಸಲ ತಿಳಿದಾಗ ನನಗೆ ಬೇಸರವಾಗಿತ್ತು. ಈಗ ಯೋಚಿಸಿದರೆ ಅದು ಸಹಜ ಅನಿಸುತ್ತದೆ. ಪಟ್ಟನ್ನು ಉಸ್ತಾದ ಶಿಷ್ಯನ ಮೈಮೇಲೆ ಹಾಕಿಯೇ ತೋರಿಸಬೇಕು. ನಿಮ್ಮಜ್ಜನಿಗೆ ಅವರ ಉಸ್ತಾದರು ತೋರಿಸಿದ್ದು ಹಾಗೆಯೇ.

ಸಿನಿಮಾದಲ್ಲಿ ಕುಸ್ತಿ ಕಡಿಮೆ ಕಾಣುವುದಕ್ಕೆ ತಾತ್ಸಾರ ಒಂದೇ ಕಾರಣವಲ್ಲ. ಕರಾಟೆಯ ಒದೆ ದೇಹದಿಂದ ಹೊರಗೆ ಹೋಗುತ್ತದೆ, ದೂರದಿಂದಲೂ ಕಾಣುತ್ತದೆ. ಕುಸ್ತಿಯಲ್ಲಿ ಇಬ್ಬರ ಮೈ ಒಂದಕ್ಕೊಂದು ಅಂಟಿರುತ್ತದೆ. ಒಬ್ಬನ ಮುಖ ಇನ್ನೊಬ್ಬನ ಎದೆಯಲ್ಲಿ ಹುದುಗಿರುತ್ತದೆ. ಸೊಂಟದಲ್ಲಿ, ಹೆಬ್ಬೆರಳಿನಲ್ಲಿ ನಡೆಯುವ ತಿಕ್ಕಾಟ ಕಣದ ಅಂಚಿನಲ್ಲಿ ಕುಕ್ಕರಗಾಲಲ್ಲಿ ಕೂತ ಹಿರಿಯರಿಗೆ ತಿಳಿಯುತ್ತದೆ, ಕ್ಯಾಮೆರಾಕ್ಕೆ ತಿಳಿಯುವುದಿಲ್ಲ. ಹಾಗೆಂದು ಆಗದ ಕೆಲಸವೇನಲ್ಲ. 2016ರ ‘ದಂಗಲ್’ ಚಿತ್ರಕ್ಕೆ ಅರ್ಜುನ ಪ್ರಶಸ್ತಿ ಪಡೆದ ಕುಸ್ತಿಪಟು ಕೃಪಾಶಂಕರ ಬಿಷ್ಣೋಯಿ ನಟರಿಗೆ ತಿಂಗಳುಗಟ್ಟಲೆ ಕಲಿಸಿದರು. ಆ ಚಿತ್ರದಲ್ಲಿ ಪಟ್ಟು ಹಾಕುವ ಮೊದಲಿನ ಕೈಹಿಡಿತ ನೋಡಿದರೆ ಕಲಿಸಿದವರು ಬಲ್ಲವರು ಎಂಬುದು ತಿಳಿಯುತ್ತದೆ. ‘ಕಾಂತಾರ ಅಧ್ಯಾಯ 1’ಕ್ಕಾಗಿ ರಿಷಬ್ ಶೆಟ್ಟಿ ಕಳರಿಪಯಟ್ಟು ಅಭ್ಯಾಸ ಮಾಡಿದರು. ಅವರಿಗೆ ಕಳರಿ ಸಿಕ್ಕಿತು, ಏಕೆಂದರೆ ಕಲಿಸುವವರು ಇದ್ದರು, ಪಾಠದ ಕ್ರಮ ಇತ್ತು. ನಾಳೆ ಒಬ್ಬ ನಿರ್ದೇಶಕ ಹುಬ್ಬಳ್ಳಿಗೆ ಬಂದು ಕತ್ತಿವರಸೆ ಬೇಕೆಂದರೆ ನಾವು ಯಾರ ಮನೆ ತೋರಿಸುತ್ತೇವೆ?

ನಿಮಗೆ ಒಂದು ಕೆಲಸ ಹೇಳುತ್ತೇನೆ, ದಯವಿಟ್ಟು ಮಾಡಿ. ಅಜ್ಜ ಇನ್ನೂ ಗಟ್ಟಿಯಾಗಿದ್ದರೆ ಅವರನ್ನು ಹಳೆಯ ತಾಲೀಮಿಗೆ ಕರೆದುಕೊಂಡು ಹೋಗಿ. ಮಣ್ಣನ್ನು ಹೇಗೆ ಹದ ಮಾಡುತ್ತಿದ್ದರು, ಎಷ್ಟು ಎಣ್ಣೆ, ಎಷ್ಟು ಮಜ್ಜಿಗೆ, ಬೆಳಗಿನ ಬಸ್ಕಿ ಎಷ್ಟು, ದಂಡ ಎಷ್ಟು ಎಂದು ಕೇಳಿ. ಒಂದೊಂದು ಪಟ್ಟಿನ ಹೆಸರು ಹೇಳಿಸಿ, ನಿಮ್ಮ ಮೈಮೇಲೇ ನಿಧಾನಕ್ಕೆ ಹಾಕಿಸಿಕೊಳ್ಳಿ. ಇನ್ನೊಬ್ಬರು ಫೋನಿನಲ್ಲಿ ಎರಡು ಕಡೆಯಿಂದ ಚಿತ್ರೀಕರಿಸಲಿ. ಸೋಮೇಶ್ವರನ ಪುಸ್ತಕದಲ್ಲಿ ಇಲ್ಲದ್ದು ಅಷ್ಟೇ.

ಪ್ರಶ್ನೆ: ಧಾರವಾಡದಲ್ಲಿ ಹತ್ತು ವರ್ಷದಿಂದ ವರ್ಗ ನಡೆಸುತ್ತಿದ್ದೇನೆ. ಪರೀಕ್ಷೆ ಬಂತೆಂದರೆ ಮಕ್ಕಳು ಬಿಟ್ಟುಬಿಡುತ್ತಾರೆ. ಇದರಲ್ಲಿ ಸ್ಥಿರವಾದ ಉದ್ಯೋಗ ಸಾಧ್ಯವೇ?
— ಕರಾಟೆ ಶಿಕ್ಷಕ

ಉತ್ತರ: ಬರೀ ಕರಾಟೆಯಿಂದ ಕಷ್ಟ. ಒಲಿಂಪಿಕ್ಸ್‌ನಲ್ಲಿ ಕರಾಟೆ ಆಡಿಸಿದ್ದು ಟೋಕಿಯೋದಲ್ಲಿ ಒಮ್ಮೆ ಮಾತ್ರ, ಪ್ಯಾರಿಸ್‌ನಲ್ಲಿ ಇರಲಿಲ್ಲ. ಜೂಡೋ, ಕುಸ್ತಿ, ಬಾಕ್ಸಿಂಗ್, ಟೇಕ್ವಾಂಡೋಗಳಿಗೆ ಇರುವ ಬಾಗಿಲುಗಳು ನಮಗೆ ಅಷ್ಟಾಗಿ ತೆರೆದಿಲ್ಲ. ಶಾಲೆಯಲ್ಲಿ ಕಾಯಂ ನೌಕರಿ ಬೇಕೆಂದರೆ ದೈಹಿಕ ಶಿಕ್ಷಣದ ಬಿ.ಪಿ.ಎಡ್. ಪದವಿ ಬೇಕು. ತರಬೇತುದಾರರಾಗಬೇಕಾದರೆ 1961ರಲ್ಲಿ ಶುರುವಾದ ಪಟಿಯಾಲಾದ ರಾಷ್ಟ್ರೀಯ ಕ್ರೀಡಾ ಸಂಸ್ಥೆಯ ಡಿಪ್ಲೊಮಾಕ್ಕೆ ಎಲ್ಲ ಕಡೆ ಬೆಲೆಯಿದೆ. ನಿಮ್ಮ ಊರಿನಲ್ಲೇ ಭಾರತೀಯ ಕ್ರೀಡಾ ಪ್ರಾಧಿಕಾರದ ತರಬೇತಿ ಕೇಂದ್ರವಿದೆ. ಒಂದು ದಿನ ಹೋಗಿ ಅಲ್ಲಿನ ಕೋಚ್‌ಗಳ ಜೊತೆ ಮಾತಾಡಿ ಬನ್ನಿ. ಪರೀಕ್ಷೆಯ ತಿಂಗಳಲ್ಲಿ ವರ್ಗವನ್ನು ಅರ್ಧ ಗಂಟೆಗೆ ಇಳಿಸಿ ನೋಡಿ. ನಾನು ಹಾಗೆ ಮಾಡಿದ ಮೇಲೆ ಬಿಡುವವರು ಕಡಿಮೆಯಾದರು. ಅರ್ಧ ಗಂಟೆ ಮೈ ಬೆವರಿಸಿದ ಮಗು ಮನೆಗೆ ಹೋಗಿ ಓದುತ್ತದೆ ಎಂಬುದನ್ನು ಪಾಲಕರೇ ಬಂದು ಹೇಳುತ್ತಾರೆ.

ಪ್ರಶ್ನೆ: ಪಿಯುಸಿ ಓದುತ್ತಿದ್ದೇನೆ. ಹೆಣ್ಣುಮಕ್ಕಳು ಸ್ಟಂಟ್ ಮಾಡಬಹುದೇ? ನಾಯಕಿಯರ ಫೈಟನ್ನೂ ಗಂಡಸರೇ ವಿಗ್ ಹಾಕಿಕೊಂಡು ಮಾಡುತ್ತಾರೆ ಎಂದು ಗೆಳತಿಯರು ಹೇಳುತ್ತಾರೆ.
— ಬೈರಿದೇವರಕೊಪ್ಪದ ವಿದ್ಯಾರ್ಥಿನಿ

ಉತ್ತರ: ನಿನ್ನ ಗೆಳತಿಯರು ಹೇಳಿದ್ದು ಸುಳ್ಳಲ್ಲ ತಂಗಿ. ನನ್ನ ಕಾಲದಲ್ಲಿ ಅದನ್ನು ಕಣ್ಣಾರೆ ಕಂಡಿದ್ದೇನೆ. ಆದರೆ ‘ಶೋಲೆ’ ನಮ್ಮ ರಾಮನಗರದ ಬಂಡೆಗಳ ನಡುವೆ ಚಿತ್ರೀಕರಣವಾದಾಗ, ಟಾಂಗಾ ಓಡಿಸುವ ಬಸಂತಿಯ ಅಪಾಯದ ದೃಶ್ಯಗಳಲ್ಲಿ ಹೇಮಾಮಾಲಿನಿಯವರ ಬದಲು ಇದ್ದದ್ದು ರೇಷ್ಮಾ ಪಠಾಣ್ ಎಂಬ ಹೆಣ್ಣುಮಗಳು. ಟಾಂಗಾ ಮಗುಚಿ ಅವರಿಗೆ ಪೆಟ್ಟಾಯಿತು. ಮತ್ತೆ ಎದ್ದು ಕೆಲಸ ಮಾಡಿದರು. ಅವರ ಹೆಸರು ಲೋಕಕ್ಕೆ ತಿಳಿಯಲು ಎಷ್ಟೋ ವರ್ಷ ಬೇಕಾಯಿತು. ಕನ್ನಡದಲ್ಲಿ ಮಾಲಾಶ್ರೀ ಹೊಡೆದಾಟದ ಪಾತ್ರಗಳಿಂದಲೇ ಚಿತ್ರಮಂದಿರ ತುಂಬಿಸಿದವರು.

1972ರ ‘ನಾಗರಹಾವು’ ಚಿತ್ರದಲ್ಲಿ ಜಯಂತಿಯವರು ಓಬವ್ವನಾಗಿ ಒನಕೆ ಎತ್ತುವ ದೃಶ್ಯವನ್ನು ಸದ್ದು ನಿಲ್ಲಿಸಿ ನೋಡು. ಅಲ್ಲಿ ಕರಾಟೆ ಇಲ್ಲ, ಕುಂಗ್‌ಫೂ ಇಲ್ಲ. ಭತ್ತ ಕುಟ್ಟಿ ರೂಢಿಯಾದ ಹೆಣ್ಣಿನ ಕೈ ಅದು, ಆ ಒನಕೆ ದಿನವೂ ಹಿಡಿದದ್ದೇ ಎನ್ನುವ ಹಾಗೆ ಏಳುತ್ತದೆ, ಇಳಿಯುತ್ತದೆ. ಆ ದೃಶ್ಯವನ್ನು ನನ್ನ ಹಿರಿಯ ವಿದ್ಯಾರ್ಥಿಗಳಿಗೆ ಪ್ರತಿವರ್ಷ ತೋರಿಸುತ್ತೇನೆ. ನೀನು ಪಿಯುಸಿ ಮುಗಿಸಿ, ಈಜು, ಪಲ್ಟಿ, ಬೈಕು ಕಲಿ. ಹದಿನೆಂಟು ತುಂಬುವವರೆಗೆ ಸೆಟ್ಟಿನ ಕಡೆ ಹೋಗಬೇಡ. ಹೋಗುವಾಗ ಮೊದಮೊದಲು ಮನೆಯವರೊಬ್ಬರು ಜೊತೆಗಿರಲಿ. ಹಾಗೆ ಬರುವುದು ಬೇಡ ಎನ್ನುವ ಕಡೆ ಕೆಲಸವೇ ಬೇಡ.

ಪ್ರಶ್ನೆ: ನಮ್ಮ ಮನೆಯವರು ಸಿನಿಮಾದಾಗ ಫೈಟರ್. ಊರಿಗೆ ಎರಡು ತಿಂಗಳಿಗೊಮ್ಮೆ ಬರ್ತಾರ. ಫೋನ್ ಹಚ್ಚಿ ಎತ್ತಲಿಲ್ಲಂದ್ರ ನನಗ ಎದಿ ಡವಡವ ಅಂತೈತಿ. ಏನ್ ಕೇಳಬೇಕು ಅವರಿಗೆ, ಏನ್ ಹೇಳಬೇಕು?
— ಹೆಸರು ಬೇಡ, ಹುಬ್ಬಳ್ಳಿ

ಉತ್ತರ: ತಂಗೆವ್ವಾ, ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ನಿಮ್ಮ ಹೆದರಿಕೆಗೆ ಕಾರಣವಿದೆ. 2016ರ ನವೆಂಬರ್ 7ರಂದು ತಿಪ್ಪಗೊಂಡನಹಳ್ಳಿ ಜಲಾಶಯದಲ್ಲಿ ‘ಮಾಸ್ತಿಗುಡಿ’ ಚಿತ್ರದ ಚಿತ್ರೀಕರಣದಲ್ಲಿ ಹೆಲಿಕಾಪ್ಟರಿನಿಂದ ನೀರಿಗೆ ಹಾರಿದ ಅನಿಲ್ ಮತ್ತು ಉದಯ್ ಮೇಲೆ ಬರಲಿಲ್ಲ. ಇಬ್ಬರೂ ವರ್ಷಗಟ್ಟಲೆ ಜಿಮ್ಮಿನಲ್ಲಿ ಬೆವರಿಳಿಸಿದ ಗಟ್ಟಿ ಆಳುಗಳು. ಅವರ ಮೈಮೇಲೆ ಲೈಫ್ ಜಾಕೆಟ್ ಇರಲಿಲ್ಲ. ಆ ಸಂಜೆ ಸುದ್ದಿ ನೋಡುತ್ತ ನನ್ನ ವರ್ಗದ ಹುಡುಗರು ಮಾತಿಲ್ಲದೆ ಕೂತಿದ್ದರು. ಮರುವಾರದಿಂದ ನಾನು ಹಿರಿಯ ತಂಡಕ್ಕೆ ಈಜು ಕಡ್ಡಾಯ ಮಾಡಿದೆ.

ನಿಮ್ಮವರಿಗೆ ಈ ಕೆಲಸ ಬಿಡಿ ಎಂದು ಹೇಳಲು ನನ್ನ ನಾಲಿಗೆ ಬರುವುದಿಲ್ಲ. ಅವರು ಅದನ್ನು ಪ್ರೀತಿಸುತ್ತಿರಬೇಕು. ಆದರೆ ಅವರು ಮುಂದಿನ ಸಲ ಊರಿಗೆ ಬಂದಾಗ ಊಟವಾದ ಮೇಲೆ ಹತ್ತಿರ ಕೂತು ಕೇಳಿ. ರೋಪ್ ಕಟ್ಟುವವರು ಯಾರು, ಕಟ್ಟಿದ್ದನ್ನು ಎರಡನೆಯವರು ಎಳೆದು ನೋಡುತ್ತಾರೆಯೇ? ನೀರಿನ ದೃಶ್ಯವಿದ್ದರೆ ದಡದಲ್ಲಿ ಈಜುಗಾರರು, ದೋಣಿ ಇರುತ್ತವೆಯೇ? ಆಂಬುಲೆನ್ಸ್ ಎಲ್ಲಿ ನಿಂತಿರುತ್ತದೆ? ವಿದ್ಯುತ್ ತಂತಿ ಹಾದುಹೋದ ಕಡೆ ಕ್ರೇನ್ ಎತ್ತುತ್ತಾರೆಯೇ? ಸಂಘದ ಸದಸ್ಯತ್ವದ ಚೀಟಿ, ವಿಮೆಯ ಕಾಗದ, ಮಾಸ್ಟರ್ ಮತ್ತು ಮ್ಯಾನೇಜರ್ ಫೋನ್ ನಂಬರು ನಿಮ್ಮ ಹತ್ತಿರವೂ ಇರಲಿ. ಚಿತ್ರರಂಗದ ಮತ್ತು ಸಾಂಸ್ಕೃತಿಕ ಕ್ಷೇತ್ರದ ಕಾರ್ಮಿಕರ ಕ್ಷೇಮಕ್ಕಾಗಿ ರಾಜ್ಯ ಸರಕಾರ 2024ರಲ್ಲಿ ಕಾಯ್ದೆ ಮಾಡಿದೆ. ಟಿಕೆಟ್ಟಿನ ಮೇಲಿನ ಸೆಸ್‌ನಿಂದ ನಿಧಿ ಕಟ್ಟುವ ಕಾಯ್ದೆ ಅದು. ತಮ್ಮ ಹೆಸರು ಅದರಲ್ಲಿ ನೋಂದಾಯಿಸುವ ಬಗೆ ಹೇಗೆಂದು ಅವರು ಸಂಘದಲ್ಲಿ ವಿಚಾರಿಸಲಿ.

ಅವರಿಗೆ ಈಜು ಬರುತ್ತದೆಯೇ? ಪತ್ರದಲ್ಲಿ ನೀವು ಬರೆದಿಲ್ಲ. ಬರದಿದ್ದರೆ ಊರಿಗೆ ಬಂದಾಗ ನನ್ನ ಹತ್ತಿರ ಕಳಿಸಿ. ಭಾನುವಾರ ಬೆಳಿಗ್ಗೆ ಆರಕ್ಕೆ ನಮ್ಮ ಹುಡುಗರು ಈಜುಕೊಳಕ್ಕೆ ಹೋಗುತ್ತಾರೆ, ನಾನೂ ಜೊತೆಗಿರುತ್ತೇನೆ. ಅಮರಗೋಳದಲ್ಲಿ ಇಳಿದು ಕರಾಟೆ ಮಾಸ್ತರ ಮನೆ ಎಂದು ಕೇಳಿದರೆ ಯಾರಾದರೂ ತೋರಿಸುತ್ತಾರೆ.